ಆದೇಶಕ್ಕೆ ಕಾಲಿಲ್ಲ

ಒಂಬತ್ತನೇ ತರಗತಿಗೆ ನ್ಯೂಟನ್ನನ ಮೊದಲ ನಿಯಮ ಹೇಳುತ್ತಿದ್ದೆ. ಹೊರಗಿನಿಂದ ಬಲ ಬೀಳದ ಹೊರತು ನಿಂತ ವಸ್ತು ನಿಂತೇ ಇರುತ್ತದೆ ಎಂದಾಗ ಹಿಂದಿನ ಬೆಂಚಿನ ಹುಡುಗಿಯೊಬ್ಬಳು ಎದ್ದು, "ಸಾರ್, ಕಚೇರಿಯ ಫೈಲಿಗೂ ಇದು ಅನ್ವಯಿಸುತ್ತಾ?" ಎಂದಳು. ತರಗತಿ ನಕ್ಕಿತು. ಅವಳು ನಗಲಿಲ್ಲ.

ಸಂಜೆ ಅವಳ ತಾಯಿಯನ್ನು ಕರೆಸಿ ವಿಚಾರಿಸಿದೆ. ಸರ್ಕಾರಿ ನಿಗಮವೊಂದರ ನೌಕರರಾಗಿದ್ದ ಗಂಡ ಸೇವೆಯಲ್ಲಿದ್ದಾಗಲೇ ತೀರಿಕೊಂಡಿದ್ದರು. ಅನುಕಂಪದ ನೌಕರಿಗೆ ಹಾಕಿದ ಅರ್ಜಿಗೆ ಉತ್ತರವೇ ಬಾರದೆ ಆಕೆ ಹೈಕೋರ್ಟಿಗೆ ಹೋದರು. ಆದೇಶದ ಪ್ರತಿ ತಲುಪಿದ ಮೂರು ತಿಂಗಳೊಳಗೆ ಅರ್ಜಿಯನ್ನು ಪರಿಶೀಲಿಸಿ ತೀರ್ಮಾನ ತಿಳಿಸಬೇಕೆಂದು ಕೋರ್ಟು ಹೇಳಿತು. ಹೇಳಿ ಎಂಟು ತಿಂಗಳಾಗಿತ್ತು.

"ಗೆದ್ದಿದ್ದೀವಿ ಅಂತ ಲಾಯರು ಹೇಳವ್ರೆ ಮೇಷ್ಟ್ರೇ. ಕಚೇರೀಲಿ ಮಾತ್ರ ಯಾರೂ ಹೇಳ್ತಿಲ್ಲ" ಎಂದರು. ಗುಂಡ್ಲುಪೇಟೆಯಿಂದ ಚಾಮರಾಜನಗರಕ್ಕೆ ಬಸ್ಸು ಹೆಣ್ಣುಮಕ್ಕಳಿಗೆ ಪುಕ್ಕಟೆ; ಹೋದ ದಿನದ ಕೂಲಿಯನ್ನು ಯಾರು ಕೊಡುತ್ತಾರೆ? ಮಗಳ ಓದು ಎಸ್ಸೆಸ್ಸೆಲ್ಸಿಗೇ ಸಾಕು ಎನ್ನುವ ಯೋಚನೆಯೂ ಮನೆಯಲ್ಲಿ ಶುರುವಾಗಿತ್ತು.

ಫೈಲನ್ನು ಕದಲಿಸುವ ಬಲ ಕಾನೂನಿನಲ್ಲಿದೆ. 1971ರ ನ್ಯಾಯಾಂಗ ನಿಂದನೆ ಕಾಯಿದೆಯ ಪ್ರಕಾರ ಕೋರ್ಟಿನ ಆದೇಶವನ್ನು ಬೇಕೆಂದೇ ಪಾಲಿಸದಿರುವುದು ಸಿವಿಲ್ ನಿಂದನೆ. ಆರು ತಿಂಗಳವರೆಗೆ ಸಾದಾ ಸಜೆ, ಎರಡು ಸಾವಿರ ರೂಪಾಯಿವರೆಗೆ ದಂಡ ಅಥವಾ ಎರಡನ್ನೂ ವಿಧಿಸಬಹುದು. ಇದು ಬರೀ ಪುಸ್ತಕದ ಮಾತಲ್ಲ. ಬೆಂಗಳೂರು ಪಾಲಿಕೆಯ ಇಂಜಿನಿಯರೊಬ್ಬರ ಬಡ್ತಿಯ ವಿಷಯದಲ್ಲಿ ಆದೇಶ ಪಾಲಿಸದ್ದಕ್ಕೆ 1995ರಲ್ಲಿ ಸುಪ್ರೀಂ ಕೋರ್ಟು ನಮ್ಮ ರಾಜ್ಯದ ಹಿರಿಯ ಐಎಎಸ್ ಅಧಿಕಾರಿ ಜೆ. ವಾಸುದೇವನ್ ಅವರಿಗೆ ಒಂದು ತಿಂಗಳ ಸಜೆ ವಿಧಿಸಿತು. 2002ರಲ್ಲಿ ಕಾವೇರಿ ನೀರಿನ ಆದೇಶದ ವಿಷಯದಲ್ಲಿ ಮುಖ್ಯಮಂತ್ರಿ ಎಸ್.ಎಂ. ಕೃಷ್ಣ ಅವರೂ ಸುಪ್ರೀಂ ಕೋರ್ಟಿನ ಕ್ಷಮೆ ಕೋರಬೇಕಾಯಿತು.

ಹಾಗೆಂದು ತಡವೆಲ್ಲವೂ ನಿಂದನೆಯಲ್ಲ. ಅಧಿಕಾರಿಗೆ ಆದೇಶ ತಲುಪಿತ್ತು, ಗೊತ್ತಿದ್ದೂ ಸುಮ್ಮನಿದ್ದರು ಎಂಬುದನ್ನು ತೋರಿಸಬೇಕು. ಇನ್ನೊಂದು ಸೂಕ್ಷ್ಮವಿದೆ. "ಪರಿಶೀಲಿಸಿ" ಎಂದರೆ "ನೌಕರಿ ಕೊಡಿ" ಎಂದಲ್ಲ. ಕಾರಣ ಬರೆದು ಅರ್ಜಿಯನ್ನು ತಳ್ಳಿಹಾಕಿದರೂ ಆದೇಶ ಪಾಲಿಸಿದಂತೆಯೇ. ಆಗ ಆ ತಿರಸ್ಕಾರವನ್ನು ಬೇರೆಯಾಗಿ ಪ್ರಶ್ನಿಸಬೇಕು. ನಿಂದನೆಯ ಅರ್ಜಿಗೆ ಒಂದು ವರ್ಷದ ಗಡುವೂ ಇದೆ. ಪಾಲನೆಯ ಅವಧಿ ಮುಗಿದ ಮೇಲೆ ವರ್ಷ ಕಳೆಯಗೊಟ್ಟರೆ ಈ ಬಾಗಿಲು ಮುಚ್ಚುತ್ತದೆ. "ನಾಳೆ ಬನ್ನಿ" ಎಂಬ ಮಾತು ನಂಬಿ ದಿನ ನೂಕುವವರು ಕಳೆದುಕೊಳ್ಳುವುದು ಇಲ್ಲೇ.

"ಕಚೇರಿಗೆ ಪ್ರತಿ ಕೊಟ್ಟಿದ್ದಕ್ಕೆ ಸ್ವೀಕೃತಿ ಇದೆಯೇನಮ್ಮ?" ಎಂದೆ.

"ಮೇಜಿನ ಮೇಲಿಟ್ಟು ಕೈಮುಗಿದು ಬಂದೆ."

ಎಂಟು ತಿಂಗಳ ಅಲೆದಾಟಕ್ಕೆ ದಾಖಲೆಯೇ ಇರಲಿಲ್ಲ. ಪ್ರಯೋಗ ಮಾಡಿ ವೀಕ್ಷಣೆ ಬರೆಯದ ಹುಡುಗನಿಗೆ ನಾನು ಅಂಕ ಕೊಡುವುದಿಲ್ಲ. ಮೂರು ತಿಂಗಳು ಎಂದಿನಿಂದ ಎಂದು ಕೇಳಿದರೆ ಆಕೆ ಏನು ತೋರಿಸಿಯಾರು?

ಮಗಳೇ ಕೂತು ಒಂದು ಪುಟದ ಪತ್ರ ಬರೆದಳು. ಆದೇಶದ ದೃಢೀಕೃತ ಪ್ರತಿಯನ್ನು ಅದಕ್ಕೆ ಲಗತ್ತಿಸಿ ಟಪಾಲು ವಿಭಾಗದಲ್ಲಿ ಕೊಟ್ಟು, ತಮ್ಮ ಪ್ರತಿಯ ಮೇಲೆ ಮೊಹರು, ಸಹಿ, ತಾರೀಕು ಹಾಕಿಸಿಕೊಂಡು ಬನ್ನಿ ಎಂದು ಹೇಳಿ ಕಳಿಸಿದೆ. ಮತ್ತೆ ವಕೀಲರ ಖರ್ಚಿಗೆ ಹೆದರಬೇಕಿಲ್ಲ; 1987ರ ಕಾನೂನು ಸೇವೆಗಳ ಕಾಯಿದೆಯಡಿ ಆದಾಯ ಎಷ್ಟೇ ಇರಲಿ ಮಹಿಳೆಯರಿಗೆ ಉಚಿತ ನೆರವು ಸಿಗುತ್ತದೆ, ಚಾಮರಾಜನಗರದ ಜಿಲ್ಲಾ ಪ್ರಾಧಿಕಾರದಲ್ಲಿ ವಿಚಾರಿಸಿ ಎಂದೂ ತಿಳಿಸಿದೆ.

ಪೋಷಕರೇ, ಅಧಿಕಾರಿಯನ್ನು ಜೈಲಿಗೆ ಕಳಿಸಿದರೆ ನಮ್ಮ ಮನೆಯ ಒಲೆ ಉರಿಯದು. ನಮಗೆ ಬೇಕಾದದ್ದು ಆದೇಶದ ಪಾಲನೆ. ಅದಕ್ಕೆ ಮೊದಲು ಕೋರ್ಟಿನ ಕಾಗದ ಸರಿಯಾದ ಮೇಜಿಗೆ ತಲುಪಬೇಕು, ತಲುಪಿದ್ದಕ್ಕೆ ಗುರುತು ನಮ್ಮ ಕೈಯಲ್ಲಿರಬೇಕು.

ಮರುವಾರ ಹುಡುಗಿ ಆ ಪ್ರತಿಯನ್ನು ತಂದು ತೋರಿಸಿದಳು. ಮೂಲೆಯಲ್ಲಿ ನೀಲಿ ಮೊಹರು ಇತ್ತು. ನೋಟ್‌ಬುಕ್ಕಿನ ಕೊನೆಯ ಹಾಳೆಯಲ್ಲಿ ಅವಳು ಆ ತಾರೀಕು ಬರೆದು, ಅದರ ಕೆಳಗೆ ಮೂರು ತಿಂಗಳು ಮುಗಿಯುವ ದಿನವನ್ನೂ ಲೆಕ್ಕ ಹಾಕಿಟ್ಟಿದ್ದಾಳೆ.