ಜಾಮೀನು ಆರೋಪಿಗೆ, ಭಯ ಸಾಕ್ಷಿಗೆ?

ಶಹಾಪುರದ ಮಲಗಿದ ಬುದ್ಧನ ಬೆಟ್ಟದಿಂದ ದೋರನಹಳ್ಳಿ ಬಹಳ ದೂರವಿಲ್ಲ. ಆ ಊರಿನ ರೈತನೊಬ್ಬನು ಅಕ್ರಮ ಕಲ್ಲುಗಣಿಯ ವಿರುದ್ಧ ದೂರು ಕೊಟ್ಟು, ಅದಕ್ಕಾಗಿ ಪೆಟ್ಟು ತಿಂದನೆಂದು ಭಾವಿಸೋಣ. ಹೊಡೆದವನು ಬಂಧನಕ್ಕೆ ಮೊದಲೇ ನಿರೀಕ್ಷಣಾ ಜಾಮೀನು ಪಡೆದು, ಮರುದಿನ ಊರ ಕಟ್ಟೆಯ ಮೇಲೆ ಬಂದು ಕುಳಿತರೆ, 'ಕೇಸು ಮುಗಿಯಿತು' ಎಂದೇ ಜನ ತಿಳಿಯುತ್ತಾರೆ. ಕಣ್ಣಾರೆ ಕಂಡವರು ಒಬ್ಬೊಬ್ಬರಾಗಿ ಮೌನಕ್ಕೆ ಸರಿಯುತ್ತಾರೆ. ಜನರ ಈ ತಿಳಿವಳಿಕೆ ತಪ್ಪು.

ನಿರೀಕ್ಷಣಾ ಜಾಮೀನು ತಾನಾಗಿಯೇ ಕೆಟ್ಟದ್ದಲ್ಲ. ಬಲಾಢ್ಯರು ಎದುರಾಳಿಗಳನ್ನು ಸುಳ್ಳು ಮೊಕದ್ದಮೆಯಲ್ಲಿ ಸಿಲುಕಿಸುವುದನ್ನು ತಡೆಯಲೆಂದು 1973ರ ದಂಡ ಪ್ರಕ್ರಿಯಾ ಸಂಹಿತೆಯಲ್ಲಿ 438ನೆಯ ಕಲಮು ಸೇರಿತು. 2024ರ ಜುಲೈ 1ರಿಂದ ಅದರ ಸ್ಥಾನದಲ್ಲಿ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 482ನೆಯ ಕಲಮು ಇದೆ. ಗಣಿಯನ್ನು ವಿರೋಧಿಸುವ ಚಳವಳಿಗಾರನಿಗೂ ಅದೇ ಗುರಾಣಿ. ಆದರೆ ಗುರಾಣಿಯನ್ನು ದೊಣ್ಣೆಯಾಗಿ ಬಳಸುವವನಿಂದ ಅದನ್ನು ಹಿಂಪಡೆಯುವ ಅಧಿಕಾರವೂ ಸತ್ರ ನ್ಯಾಯಾಲಯಕ್ಕೆ, ಉಚ್ಚ ನ್ಯಾಯಾಲಯಕ್ಕೆ ಉಂಟು.

ರದ್ದತಿಗೆ ದಾರಿ ಎರಡು. ಮುಖ್ಯ ಸಂಗತಿಗಳನ್ನು ಕಡೆಗಣಿಸಿ ಜಾಮೀನು ಕೊಟ್ಟಿದ್ದರೆ ಆ ಆದೇಶವನ್ನೇ ಮೇಲಿನ ನ್ಯಾಯಾಲಯದಲ್ಲಿ ಪ್ರಶ್ನಿಸಬಹುದು. ನಟ ದರ್ಶನ್ ಅವರಿಗೆ 2024ರ ಡಿಸೆಂಬರ್ 13ರಂದು ಕರ್ನಾಟಕ ಉಚ್ಚ ನ್ಯಾಯಾಲಯ ನೀಡಿದ್ದ ಸಾಮಾನ್ಯ ಜಾಮೀನನ್ನು ಸರ್ವೋಚ್ಚ ನ್ಯಾಯಾಲಯ 2025ರ ಆಗಸ್ಟ್ 14ರಂದು ರದ್ದುಪಡಿಸಿತು. ಆದೇಶ ಸರಿಯಿದ್ದರೂ, ಆರೋಪಿ ಬಳಿಕ ಸಾಕ್ಷಿಯನ್ನು ಬೆದರಿಸಿದರೆ ಅಥವಾ ಷರತ್ತು ಮುರಿದರೆ, ಅದು ಎರಡನೆಯ ದಾರಿ.

ಸರ್ಕಾರ ಸುಮ್ಮನಿದ್ದರೆ? ಉತ್ತರ ಪ್ರದೇಶದ ಲಖೀಂಪುರ ಖೇರಿಯಲ್ಲಿ 2021ರ ಅಕ್ಟೋಬರ್ 3ರಂದು ವಾಹನ ಹರಿದು ಸತ್ತ ರೈತರ ಮನೆಯವರೇ ಸರ್ವೋಚ್ಚ ನ್ಯಾಯಾಲಯಕ್ಕೆ ಹೋದರು. 2022ರ ಏಪ್ರಿಲ್ 18ರಂದು ಆ ನ್ಯಾಯಾಲಯ ಆರೋಪಿಯ ಜಾಮೀನನ್ನು ರದ್ದುಪಡಿಸಿ, ನೊಂದವರಿಗೆ ಪ್ರತಿ ಹಂತದಲ್ಲೂ ಮಾತನಾಡುವ ಹಕ್ಕಿದೆಯೆಂದು ಹೇಳಿತು. ಆರೋಪಿಗೆ ಮುಂದೆ ಮತ್ತೆ ಜಾಮೀನು ಸಿಕ್ಕಿತು. ಹಕ್ಕಿನ ಮಾತು ಮಾತ್ರ ಉಳಿಯಿತು.

ಷರತ್ತುಗಳನ್ನು ಕೇಳುವುದೂ ಅಷ್ಟೇ ಮುಖ್ಯ. ಮನೆಗೆಲಸದ ಮಹಿಳೆಯ ಅಪಹರಣದ ಆರೋಪದಲ್ಲಿ ಭವಾನಿ ರೇವಣ್ಣ ಅವರಿಗೆ 2024ರ ಜೂನ್‌ನಲ್ಲಿ ನಿರೀಕ್ಷಣಾ ಜಾಮೀನು ನೀಡಿದಾಗ, ತನಿಖೆಯ ಹೊರತು ಮೈಸೂರು, ಹಾಸನ ಜಿಲ್ಲೆಗಳಿಗೆ ಹೋಗಬಾರದೆಂದು ಉಚ್ಚ ನ್ಯಾಯಾಲಯ ವಿಧಿಸಿತು. ಆ ಜಾಮೀನಿನ ರದ್ದು ಕೋರಿ ವಿಶೇಷ ತನಿಖಾ ತಂಡ ಸರ್ವೋಚ್ಚ ನ್ಯಾಯಾಲಯಕ್ಕೆ ಹೋಯಿತು. ಜಾಮೀನು ರದ್ದಾಗದಿದ್ದರೂ, ಇಂತಹ ಷರತ್ತಿದ್ದಲ್ಲಿ ಸಾಕ್ಷಿಗೆ ಉಸಿರಾಡಲು ಎಡೆ ಸಿಗುತ್ತದೆ.

ಸಿಟ್ಟಿನಿಂದ ಜಾಮೀನು ರದ್ದಾಗದು. ಅದಕ್ಕೆ ಬಲವಾದ ಪುರಾವೆ ಬೇಕು. ಬೆದರಿಕೆಯ ದಿನ, ವೇಳೆ, ಆಡಿದ ಮಾತು, ಕೇಳಿದವರ ಹೆಸರು ಆ ದಿನವೇ ಕಾಗದಕ್ಕೆ ಇಳಿಯಬೇಕು. ಠಾಣೆಗೆ ಕೊಟ್ಟ ಅರ್ಜಿಗೆ ಸ್ವೀಕೃತಿ ಪಡೆಯಬೇಕು. ಅದರ ಪ್ರತಿಯನ್ನು ಸರ್ಕಾರಿ ಅಭಿಯೋಜಕರಿಗೆ ತಲುಪಿಸಬೇಕು. 2018ರ ಸಾಕ್ಷಿ ಸಂರಕ್ಷಣಾ ಯೋಜನೆಯಡಿ ರಕ್ಷಣೆಯನ್ನೂ ಬೇಡಬಹುದು. ಊರಿನಲ್ಲಿ ಓದಿದ ಹುಡುಗ ಹುಡುಗಿಯರು ಈ ಅರ್ಜಿಗಳನ್ನು ಬರೆದುಕೊಟ್ಟರೆ ಅದೇ ದೊಡ್ಡ ಸೇವೆ. ಸಾಕ್ಷಿ ಹೆದರಿ ಹಿಂದೆ ಸರಿದ ಊರಿನಲ್ಲಿ ಬೆಟ್ಟದ ಪರವಾಗಿ ಮಾತನಾಡಲು ಯಾರೂ ಉಳಿಯುವುದಿಲ್ಲ.