ಮಿಕ್ಸಿಂಗ್ ಖೋಲಿಯಿಂದ

ಅಣ್ಣಿಗೇರಿ, ಕುಂದಗೋಳ, ಕಲಘಟಗಿಯ ಫೋಟೋ ಸ್ಟುಡಿಯೋಗಳ ಹಿಂಬದಿಯ ಸಣ್ಣ ಖೋಲಿಗಳಲ್ಲಿ ನಮ್ಮ ಹುಡುಗರು ಸಂಕಲನ ಕಲಿಯುತ್ತಿದ್ದಾರೆ. ಊರಿನವರ ಬಾಯಲ್ಲಿ ಅದು ‘ಮಿಕ್ಸಿಂಗ್’. ಮದುವೆಯ ವಿಡಿಯೋದಲ್ಲಿ ಅವರಿಗೆ ಕಠಿಣವಾದದ್ದು ಅಕ್ಕಿಕಾಳಿನ ಗಳಿಗೆಯಲ್ಲ, ಆಯೇರಿಯ ಸಾಲು. ಟವೆಲ್ ಹೊದಿಸಿದ ಸೋದರಮಾವ, ಕುಪ್ಪಸದ ಖಣ ಕೊಟ್ಟ ಚಿಗವ್ವ, ದೂರದೂರಿಂದ ಬಂದ ಗೆಳೆಯ. ಒಂದು ಮುಖ ಬಿಟ್ಟುಹೋದರೂ ಬೀಗರಲ್ಲಿ ಮುನಿಸು. ಹಾಗೆಂದು ಎಲ್ಲವನ್ನೂ ಪೂರ್ತಿ ಇಟ್ಟರೆ ಯಾರೂ ಕೂತು ನೋಡಲಾರರು. ಹುಡುಗ ಒಬ್ಬೊಬ್ಬರನ್ನೂ ಕೈ ತಾಗಿ ಮುಖ ಅರಳುವ ಆ ಕ್ಷಣಕ್ಕೆ ಇಳಿಸುತ್ತಾನೆ. ಯಾರನ್ನೂ ಕೈಬಿಡದೆ ಕತ್ತರಿಸುವ ಈ ವಿದ್ಯೆ ಸಣ್ಣದಲ್ಲ.

ಇಂಥವರಲ್ಲಿ ಕೆಲವರು ಹುಬ್ಬಳ್ಳಿ ದಾಟಿ ಬೆಂಗಳೂರಿನ ವಾಹಿನಿಗಳನ್ನು ಸೇರುತ್ತಾರೆ. ಅರ್ಧ ಗಂಟೆಯ ಧಾರಾವಾಹಿಯಲ್ಲಿ ಜಾಹೀರಾತು ಕಳೆದು ಉಳಿಯುವುದು ಸುಮಾರು 22 ನಿಮಿಷ. ಎಪಿಸೋಡು ಪ್ರಸಾರದ ಹೊತ್ತಿಗೆ ಹೋಗಲೇಬೇಕು, ರಾತ್ರಿಯೆಲ್ಲ ಕೆಲಸ. ಸುದ್ದಿ ವಾಹಿನಿಯಲ್ಲಿ ಅವಸರ ಇನ್ನೂ ಹೆಚ್ಚು. 2015ರಲ್ಲಿ ಮಹದಾಯಿ ನದಿ ನೀರಿನ ಹೋರಾಟ ನವಲಗುಂದ, ನರಗುಂದದಲ್ಲಿ ಬಿಸಿಯೇರಿದಾಗ ರೈತರ ಮಾತು ಕೆಲವೇ ಸೆಕೆಂಡಿನ ಬೈಟ್ ಆಗಿ ಮನೆಮನೆಗೆ ಬಂತು. ನಮ್ಮ ಕಡೆಯ ರೈತ “ಮಳಿ ಹೋತ್ರಿ” ಎಂದು ಸುಮ್ಮನಾಗುತ್ತಾನೆ. ದೂರ ನೋಡುತ್ತಾನೆ. ಆಮೇಲೆ “ಹೋತ್ ನೋಡ್ರಿ” ಅನ್ನುತ್ತಾನೆ. ಈ ಮಾತಿನ ಜಾಡು ತಿಳಿಯದವನಿಗೆ ಎರಡನೆಯದು ಬರೀ ಪುನರುಕ್ತಿ, ನಡುವಿನ ಮೌನ ವ್ಯರ್ಥ ಜಾಗ. ಎರಡಕ್ಕೂ ಕತ್ತರಿ ಬೀಳುತ್ತದೆ. ರೈತ ಹೇಳಬೇಕಾದದ್ದೆಲ್ಲ ಇದ್ದದ್ದೇ ಅಲ್ಲಿ.

ಮೌನವನ್ನು ಉಳಿಸಿಕೊಂಡ ಸಂಕಲನ ಕನ್ನಡ ಸಿನಿಮಾದಲ್ಲಿ ಇಲ್ಲದಿಲ್ಲ. 1977ರ ‘ಘಟಶ್ರಾದ್ಧ’ವನ್ನು ಇನ್ನೊಮ್ಮೆ ನೋಡಿ. ಬಾಲಕ ನಾಣಿ ಏನನ್ನೂ ಹೇಳದೆ ನೋಡುತ್ತ ನಿಲ್ಲುವ ಕಡೆಗಳಲ್ಲಿ ನಿರ್ದೇಶಕ ಗಿರೀಶ ಕಾಸರವಳ್ಳಿಯವರಷ್ಟೇ ಸಂಕಲನಕಾರ ಉಮೇಶ ಕುಲಕರ್ಣಿಯವರ ತಾಳ್ಮೆಯೂ ಕಾಣುತ್ತದೆ. ಅದೇ ಚಿತ್ರ ಮರುಜೀವ ಪಡೆದು 2024ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ತೆರೆಕಂಡಿತು. ‘ನಾತಿಚರಾಮಿ’ಗಾಗಿ ನಾಗೇಂದ್ರ ಕೆ. ಉಜ್ಜಿನಿ ಅವರಿಗೆ 2018ನೇ ಸಾಲಿನ ಅತ್ಯುತ್ತಮ ಸಂಕಲನದ ರಾಷ್ಟ್ರಪ್ರಶಸ್ತಿ ಬಂದಾಗಲೂ ನಾವು ಪತ್ರಿಕೆಯವರು ಹಾಡು, ನಟನೆಯ ಬಗ್ಗೆ ಬರೆದಷ್ಟು ಸಂಕಲನದ ಬಗ್ಗೆ ಬರೆಯಲಿಲ್ಲ. ಬರೆಯಬೇಕಿತ್ತು.

ಧಾರವಾಡದ ಮಾತನ್ನು ತೆರೆಗೆ ತರುವವರು ಸಂಭಾಷಣೆಗೆ ಈ ಕಡೆಯವರನ್ನು ಹುಡುಕುತ್ತಾರೆ, ನಟರಿಗೆ ಉಚ್ಚಾರ ಕಲಿಸುತ್ತಾರೆ. ಸಂಕಲನದ ಮೇಜಿನ ಮುಂದೆಯೂ ಈ ನೆಲದ ಕಿವಿಯೊಂದು ಇರಲಿ ಎಂಬುದು ನಮ್ಮ ಒತ್ತಾಯ. ಧಾರವಾಡದ ಕರ್ನಾಟಕ ವಿಶ್ವವಿದ್ಯಾಲಯದ ಪತ್ರಿಕೋದ್ಯಮ ವಿಭಾಗವು ಮದುವೆಯ ಸುಗ್ಗಿ ಮುಗಿದ ಮಳೆಗಾಲದಲ್ಲಿ ಈ ಹುಡುಗರಿಗಾಗಿ ಒಂದು ಸಂಕಲನ ಶಿಬಿರ ನಡೆಸಲಿ, ಪದವಿ ಇಲ್ಲದವರನ್ನೂ ಸೇರಿಸಿಕೊಳ್ಳಲಿ. ಆಗ ಅವರಿಗೆ ಕೈಯಲ್ಲಿ ಕೆಲಸವಿರುವುದಿಲ್ಲ, ಬಸ್ಸಿಗೆ ಧಾರವಾಡ ದೂರವೂ ಅಲ್ಲ.