ಮಲ್ನಾಡ್ ಗ್ಲಾಡಿಯೇಟರ್ಸ್ ಅಂತ ಒಂದು ಟೀಮ್ ಇತ್ತು

ಹಾಸ್ಟೆಲ್ ಟಿವಿಯಲ್ಲಿ ಮಹಾರಾಜ ಟ್ರೋಫಿ ಮ್ಯಾಚ್ ನೋಡ್ತಾ ಕೂತಿದ್ದಾಗ ಸಕಲೇಶಪುರದ ಜೂನಿಯರ್ ಒಬ್ಬ ಕೇಳಿದ, "ಅಣ್ಣ, ನಮ್ ಕಡೆ ಟೀಮ್ ಯಾವ್ದು? ಶಿವಮೊಗ್ಗಕ್ಕೆ ಸಪೋರ್ಟ್ ಮಾಡ್ಬೇಕಾ?" ನಾನು ಆಲೂರು ತಾಲೂಕಿನ ಪಾಳ್ಯದವನು. "ಒಂದಿತ್ತು ಕಣೋ, ಮಲ್ನಾಡ್ ಗ್ಲಾಡಿಯೇಟರ್ಸ್" ಅಂದೆ. ಅವನು ನಂಬಲಿಲ್ಲ. ಮೊಬೈಲ್‌ನಲ್ಲಿ ಹುಡುಕಿ ತೋರಿಸಬೇಕಾಯ್ತು.

ಐಪಿಎಲ್ ಶುರುವಾದ ಮರುವರ್ಷ, 2009ರಲ್ಲಿ, ರಾಜ್ಯ ಕ್ರಿಕೆಟ್ ಸಂಸ್ಥೆ ಕರ್ನಾಟಕ ಪ್ರೀಮಿಯರ್ ಲೀಗ್ ಆರಂಭಿಸಿತು. ಎಂಟು ತಂಡಗಳು. ಬೆಂಗಳೂರಿಗೇ ಎರಡು, ಮೈಸೂರು, ಮಂಗಳೂರು, ಬೆಳಗಾವಿ, ಬಿಜಾಪುರ, ದಾವಣಗೆರೆಗೆ ಒಂದೊಂದು. ಎಂಟನೆಯದು ನಮ್ಮದು. ಆಗ ನಾವೆಲ್ಲ ಅಂಗನವಾಡಿಯಲ್ಲಿ ಉಪ್ಪಿಟ್ಟು ತಿನ್ನೋ ವಯಸ್ಸು. ಎರಡು ಸೀಸನ್ ನಡೆಯಿತು, ಕಪ್ ನಮಗೆ ಬರಲಿಲ್ಲ. 2011ರಿಂದ 2013ರವರೆಗೆ ಲೀಗೇ ಇಲ್ಲ. 2014ರಲ್ಲಿ ಮತ್ತೆ ಶುರುವಾದಾಗ ಬಳ್ಳಾರಿ ಬಂತು, ಹುಬ್ಬಳ್ಳಿ ಬಂತು, ಸಿನಿಮಾದವರ ರಾಕ್‌ಸ್ಟಾರ್ಸ್ ಕೂಡ ಬಂತು. ಗ್ಲಾಡಿಯೇಟರ್ಸ್ ಮಾತ್ರ ಬರಲಿಲ್ಲ. 2019ರಲ್ಲಿ ಫಿಕ್ಸಿಂಗ್ ಕೇಸು, ಅರೆಸ್ಟು ಅಂತ ಆಗಿ ಆ ಲೀಗ್ ಕೂಡ ಮುಗಿಯಿತು. ಮಹಾರಾಜ ಟ್ರೋಫಿ ಶುರುವಾದದ್ದು 2022ರಲ್ಲಿ.

ನನಗೆ ಬೇಜಾರು ತಂಡ ಹೋಯ್ತು ಅಂತಲ್ಲ. ಅದು ಹೋದದ್ದು ನಮ್ಮೂರಲ್ಲಿ ಯಾರಿಗೂ ಗೊತ್ತೇ ಆಗಲಿಲ್ಲ, ಅದಕ್ಕೆ. ಗೊತ್ತಾಗೋದಾದರೂ ಹೇಗೆ? ಲೀಗಿನ ಪಂದ್ಯಗಳು ನಡೆದದ್ದು ಹೆಚ್ಚಾಗಿ ಬೆಂಗಳೂರು, ಮೈಸೂರು, ಹುಬ್ಬಳ್ಳಿಯಲ್ಲಿ. ಅದೂ ಆಗಸ್ಟ್-ಸೆಪ್ಟೆಂಬರ್ ಹೊತ್ತಿಗೆ. ಚಿನ್ನಸ್ವಾಮಿಯಲ್ಲಿ 2017ರಿಂದ ನೆಲದಡಿಯಿಂದ ನೀರು ಹೀರುವ ಸಬ್‌ಏರ್ ವ್ಯವಸ್ಥೆ ಇದೆ. ಸಕಲೇಶಪುರದಲ್ಲಿ ಆ ತಿಂಗಳು ಬಟ್ಟೆ ಒಣಗಿದರೆ ಅದೇ ದೊಡ್ಡದು. ನಮ್ಮ ಹೆಸರು ಬೇಕಿತ್ತು, ನಮ್ಮ ಮಳೆ ಬೇಕಿರಲಿಲ್ಲ.

ಅಮೆರಿಕದ ಬೇಸ್‌ಬಾಲ್ ಕಥೆ ಬೇರೆ ಥರ ಇದೆ. ಅಲ್ಲಿ ಸಣ್ಣ ಸಣ್ಣ ಊರಿಗೂ ಮೈನರ್ ಲೀಗ್ ತಂಡ, ಅದಕ್ಕೊಂದು ಸ್ಟೇಡಿಯಂ. 2021ರ ಸೀಸನ್‌ಗೆ ದೊಡ್ಡ ಲೀಗಿನವರು ಇಂಥ 160 ತಂಡಗಳನ್ನು 120ಕ್ಕೆ ಇಳಿಸಿದರು. ಊರಿನವರು ಸಿಟ್ಟಾದರು, ಆದರೆ ಸ್ಟೇಡಿಯಂ ಊರಲ್ಲೇ ಇತ್ತಲ್ಲ! ಅಪಲಾಚಿಯನ್ ಲೀಗ್ ಅನ್ನೋದು ಆ ವರ್ಷದಿಂದ ಕಾಲೇಜು ಹುಡುಗರ ಬೇಸಿಗೆ ಲೀಗ್ ಆಯಿತು. ನಮ್ಮ ವಯಸ್ಸಿನವರೇ ಅಲ್ಲಿ ಆಡ್ತಾರೆ. ನಮ್ಮಲ್ಲಿ ತಂಡ ಹೋದ ಮೇಲೆ ಒಂದು ಜೊತೆ ಸ್ಟಂಪೂ ಉಳಿಯಲಿಲ್ಲ.

ಹಾಗಂತ ನಮ್ಮ ಕಡೆ ಆಡುವವರಿಗೇನೂ ಬರ ಇಲ್ಲ. 1996ರಲ್ಲಿ ಭಾರತಕ್ಕೆ ಎರಡು ಟೆಸ್ಟ್ ಆಡಿದ ಡೇವಿಡ್ ಜಾನ್ಸನ್ ಹುಟ್ಟಿದ್ದು ಇದೇ ಜಿಲ್ಲೆಯ ಅರಸೀಕೆರೆಯಲ್ಲಿ. ಪಾಳ್ಯದ ಕಡೆ ಕ್ರಿಕೆಟ್ ಸೀಸನ್ ಅಂದ್ರೆ ಭತ್ತ ಕೊಯ್ದ ಮೇಲೆ. ಗದ್ದೆಯ ಕೂಳೆ ಸವರಿ, ನೀರು ಹಾಕಿ ದಮ್ಮಸು ಮಾಡಿದರೆ ಪಿಚ್ ರೆಡಿ. ಟೆನಿಸ್ ಬಾಲ್, ಎಂಟ್ರಿ ಫೀಸು, ಮೈಕಿನಲ್ಲಿ ಕಾಮೆಂಟರಿ. ಕಾಫಿ ಕೊಯ್ಲು ಮುಗಿಸಿ ಬಂದವರು ಏರಿ ಮೇಲೆ ಕೂತು ಬೈಯ್ಯೋದೂ ಇದೆ, ಅದಿಲ್ದೆ ಮಜಾ ಇಲ್ಲ. ಆದರೆ ನಾವು ಆಡ್ತಿದ್ದ ಗದ್ದೆಗೆ ಈಗ ಅಡಿಕೆ ಸಸಿ ಬಿದ್ದಿದೆ. ಗದ್ದೆಯವರನ್ನು ದೂರೋಕಾಗಲ್ಲ, ಭತ್ತದಲ್ಲಿ ಏನೂ ಗಿಟ್ಟಲ್ಲ ಅನ್ನೋದು ಅವರಿಗೂ ಗೊತ್ತು, ನಮಗೂ ಗೊತ್ತು.

ಈಗ ನಮ್ಮ ಕಾಲೇಜಿನ ಗ್ರೌಂಡ್ ವಿಷಯ. ಸೆಮಿಸ್ಟರ್ ಮುಗಿದು ರಜೆ ಬಂದರೆ ಗೇಟಿಗೆ ಬೀಗ. ಹೋದ ಬೇಸಿಗೆಯಲ್ಲಿ ಪಕ್ಕದ ಹಳ್ಳಿ ಹುಡುಗರು ಕಾಂಪೌಂಡ್ ಹಾರಿ ಬಂದರು ಅಂತ ಸೆಕ್ಯುರಿಟಿಯವರು ಬ್ಯಾಟ್ ಕಿತ್ತಿಟ್ಟುಕೊಂಡರು. ಮ್ಯಾಟ್ ಇದೆ, ನೆಟ್ಸ್ ಇದೆ, ಆಡೋರಿಲ್ಲ. "ಮಲೆನಾಡಿಗೆ ಟೀಮ್ ಕೊಡಿ" ಅಂತ ಹ್ಯಾಶ್‌ಟ್ಯಾಗ್ ಹಾಕೋದು ಸುಲಭ. ಕೊಟ್ಟರೂ ಅದು ಇನ್ನೊಂದು ಗ್ಲಾಡಿಯೇಟರ್ಸ್ ಆಗುತ್ತೆ ಅಂತ ನನ್ನ ಅನುಮಾನ. ಬದಲಿಗೆ ಏಪ್ರಿಲ್, ಮೇನಲ್ಲಿ ಭಾನುವಾರಗಳಾದರೂ ಬೀಗ ತೆಗೀಲಿ. ಹಾಸನ, ಆಲೂರು, ಸಕಲೇಶಪುರದ ಹುಡುಗರ ತಂಡಗಳು ಬರಲಿ, ಅಂಪೈರಿಂಗ್, ಸ್ಕೋರಿಂಗ್ ನಾವು ಮಾಡೋಣ. ಸ್ಕೋರ್ ಆಪ್ ಬರೆಯೋಕೆ ಸಿಎಸ್ ಹುಡುಗರು ಆಗಲೇ ಒಪ್ಪಿದ್ದಾರೆ.

ಪ್ರಿನ್ಸಿಪಾಲರಿಗೆ ಕೊಡೋ ಮನವಿ ಸಂಘದ ನೋಟಿಸ್ ಬೋರ್ಡ್ ಹತ್ತಿರ ಇಟ್ಟಿದ್ದೀವಿ. ಇದುವರೆಗೆ 41 ಸಹಿ ಬಿದ್ದಿದೆ. ಪೆನ್ನು ಯಾರೋ ಎತ್ಕೊಂಡು ಹೋಗಿದ್ದಾರೆ, ನಿಮ್ಮದೇ ತನ್ನಿ.